ಹಳೇ ಫುಟೇಜ್, ಹೊಸ ಸಿನಿಮಾ: ಪದೇ ಪದೇ ಕೇಳುವ ಪ್ರಶ್ನೆಗಳು

ಬೆಳಗಾವಿ, ಬಾಗಲಕೋಟೆ, ವಿಜಯಪುರ ಭಾಗದಲ್ಲಿ ಸಾಕ್ಷ್ಯಚಿತ್ರ ಮತ್ತು ಕಿರುಚಿತ್ರ ಮಾಡುವವರು ಮಾತಿನಲ್ಲಿ, ಪತ್ರದಲ್ಲಿ ಮತ್ತೆ ಮತ್ತೆ ಕೇಳಿದ ಪ್ರಶ್ನೆಗಳು ಇವು. ಕೇಳಿದವರ ಮಾತಿನಲ್ಲೇ ಇಟ್ಟಿದ್ದೇವೆ. ಹೊಸಬರಿಗೆ ಬೇಕಾದವು ಮೊದಲು, ಎಡಿಟಿಂಗ್ ಮುಗಿಸುವ ಹಂತದವರಿಗೆ ಬೇಕಾದವು ಕೊನೆಗೆ ಇವೆ.

## ಶುರುವಿಗೆ

ಆರ್ಕೈವ್ ಫುಟೇಜ್ ಅಂದ್ರ ಸರ್ಕಾರದ ಹಳೇ ನ್ಯೂಸ್‌ರೀಲ್ ಅಷ್ಟೇ ಏನ್ರೀ?

ಅಲ್ಲ. ನಿಮ್ಮ ಸಿನಿಮಾಕ್ಕಾಗಿ ನೀವು ಶೂಟ್ ಮಾಡದೆ, ಬೇರೆಯವರು ಬೇರೆ ಉದ್ದೇಶಕ್ಕೆ ತೆಗೆದಿಟ್ಟ ಯಾವ ಚಿತ್ರವೂ ಆರ್ಕೈವ್ ಫುಟೇಜೇ. ಸಕ್ಕರೆ ಕಾರ್ಖಾನೆಯ ಉದ್ಘಾಟನೆಯ ಟೇಪು, ಜಾತ್ರೆಯ ಕ್ಯಾಸೆಟ್, ಮೇಷ್ಟ್ರೊಬ್ಬರು ತೆಗೆದ ಸೂಪರ್ 8 (ಮನೆ-ಕ್ಯಾಮೆರಾದ 8 ಮಿಮೀ ಫಿಲ್ಮು) ರೀಲು, ಮದುವೆಯ ವಿಹೆಚ್‌ಎಸ್ (ವಿಡಿಯೊ ಕ್ಯಾಸೆಟ್) ಎಲ್ಲವೂ ಇದರೊಳಗೆ ಬರುತ್ತವೆ.

ನಮ್ಮ ಭಾಗದಲ್ಲಿ ಮದುವೆ ಕ್ಯಾಸೆಟ್ಟಿನ ಬೆಲೆ ಬಹಳ ದೊಡ್ಡದು. ಆಲಮಟ್ಟಿ ಹಿನ್ನೀರಿನಿಂದ ಬಾಗಲಕೋಟೆಯ ಹಳೇ ಊರಿನ ಎಷ್ಟೋ ಓಣಿಗಳು ಖಾಲಿಯಾದವು, ಜನ ನವನಗರಕ್ಕೆ ಹೋದರು. ಆ ಓಣಿಗಳಲ್ಲಿ ಮೆರವಣಿಗೆ ಹೋದ ಮದುಮಗನ ಹಿಂದೆ ಕಾಣುವ ಅಂಗಡಿ, ಕಟ್ಟೆ, ಬೋರ್ಡುಗಳು ಬೇರೆ ಯಾವ ಸರ್ಕಾರಿ ರೀಲಿನಲ್ಲೂ ಸಿಗದೆ ಇರಬಹುದು. ಅಂಥ ಟೇಪನ್ನು ನೋಡುವಾಗ ಕಣ್ಣು ಮದುಮಗನ ಮೇಲಲ್ಲ, ಅವನ ಹಿಂದಿನ ಗೋಡೆಯ ಮೇಲಿರಲಿ.

ಟ್ರಂಕಿನ್ಯಾಗ ಹಳೇ ರೀಲ್ ಸಿಕ್ಕೈತ್ರಿ. ಪ್ರೊಜೆಕ್ಟರ್‌ಗೆ ಹಾಕಿ ನೋಡೂಣೇನು?

ದಯವಿಟ್ಟು ಬೇಡ. ಹಳೆಯ ಫಿಲ್ಮು ಕಾಲಕ್ರಮದಲ್ಲಿ ಕುಗ್ಗಿರುತ್ತದೆ. ಶೇಕಡಾ 1ರಷ್ಟು ಕುಗ್ಗಿದರೂ ಅಂಚಿನ ತೂತುಗಳು ಪ್ರೊಜೆಕ್ಟರಿನ ಹಲ್ಲಿಗೆ ಸರಿಯಾಗಿ ಕೂಡುವುದಿಲ್ಲ, ಫಿಲ್ಮು ಹರಿಯುತ್ತದೆ. ಎಲ್ಲಾದರೂ ಸಿಕ್ಕಿಕೊಂಡು ನಿಂತರೆ ದೀಪದ ಬಿಸಿಗೆ ಆ ಫ್ರೇಮ್ ಸುಟ್ಟೇ ಹೋಗುತ್ತದೆ.

ಮೊದಲು ಡಬ್ಬಿ ತೆರೆದು ವಾಸನೆ ನೋಡಿ. ವಿನೆಗರಿನಂಥ ಹುಳಿ ವಾಸನೆ ಬಂದರೆ ಅಸಿಟೇಟ್ ಎಂಬ ಪ್ಲಾಸ್ಟಿಕ್ಕಿನ ಫಿಲ್ಮು ಕೊಳೆಯಲು ಶುರುವಾಗಿದೆ. ಹೊರಬಂದ ಆಮ್ಲವೇ ಕೊಳೆಯುವುದನ್ನು ಇನ್ನಷ್ಟು ಜೋರು ಮಾಡುತ್ತದೆ, ಪಕ್ಕದ ಡಬ್ಬಿಗಳಿಗೂ ಹಬ್ಬುತ್ತದೆ. ಅದನ್ನು ಬೇರೆ ಇಡಿ, ಸ್ಕ್ಯಾನ್ ಮಾಡಿಸುವ ಸಾಲಿನಲ್ಲಿ ಎಲ್ಲಕ್ಕಿಂತ ಮುಂದೆ ಇಡಿ.

ಆಮೇಲೆ ಅಗಲ ಅಳೆಯಿರಿ: ಸಾಮಾನ್ಯವಾಗಿ 8, 16 ಅಥವಾ 35 ಮಿಲಿಮೀಟರ್ ಇರುತ್ತದೆ. 16 ಮಿಮೀನ 100 ಅಡಿ ರೀಲು ಸೆಕೆಂಡಿಗೆ 24 ಫ್ರೇಮಿನಲ್ಲಿ 2 ನಿಮಿಷ 46 ಸೆಕೆಂಡ್ ಓಡುತ್ತದೆ. ಸೂಪರ್ 8ರ 50 ಅಡಿ, 18 ಫ್ರೇಮಿನಲ್ಲಿ 3 ನಿಮಿಷ 20 ಸೆಕೆಂಡ್. ಸ್ಕ್ಯಾನಿಂಗ್ ಖರ್ಚಿನ ಅಂದಾಜಿಗೆ ಇಷ್ಟು ಸಾಕು. ಕೊಡಾಕ್ ಫಿಲ್ಮಾದರೆ ಅಂಚಿನಲ್ಲಿ ಚೌಕ, ತ್ರಿಕೋನ, ವೃತ್ತದ ಸಣ್ಣ ಗುರುತುಗಳಿರುತ್ತವೆ. ಅವು ಫಿಲ್ಮು ತಯಾರಾದ ವರ್ಷ ಹೇಳುತ್ತವೆ. ಆದರೆ ಗುರುತುಗಳು 20 ವರ್ಷಕ್ಕೊಮ್ಮೆ ಮರುಕಳಿಸುವುದರಿಂದ ಆ ಒಂದೇ ಆಧಾರ ಸಾಲದು.

35 ಮಿಮೀ ರೀಲು 1950ರ ದಶಕದ ಆರಂಭಕ್ಕಿಂತ ಹಳೆಯದಾಗಿದ್ದರೆ ಅದು ನೈಟ್ರೇಟ್, ಅಂದರೆ ಬೇಗ ಹೊತ್ತಿಕೊಳ್ಳುವ ಹಳೇ ಬಗೆಯ ಫಿಲ್ಮು, ಎಂದೇ ತಿಳಿದು ನಡೆಯಿರಿ. ನೈಟ್ರೇಟಿಗೆ ಬೆಂಕಿ ಹತ್ತಿದರೆ ನೀರು ಹಾಕಿದರೂ ಆರುವುದಿಲ್ಲ. ಮನೆಯಲ್ಲಿ ಇಡಬೇಡಿ, ಕೊರಿಯರ್ ಮಾಡಬೇಡಿ, ಬಸ್ಸಿನಲ್ಲಿ ಒಯ್ಯಬೇಡಿ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ಬರೆದು, ಅವರು ಹೇಳಿದಂತೆ ಮಾಡಿ.

ಕ್ಯಾಸೆಟ್ ಒಳಗ ಬಿಳೀ ಬೂಷ್ಟ ಹಿಡದೈತಿ. ಒಮ್ಮೆ ಓಡಿಸಿದ್ರ ಹೋಗತೈತಲ್ಲ?

ಹೋಗುವುದಿಲ್ಲ, ಹಬ್ಬುತ್ತದೆ. ಬೂಷ್ಟು ವಿಸಿಆರಿನ (ಕ್ಯಾಸೆಟ್ ಓಡಿಸುವ ಯಂತ್ರದ) ಹೆಡ್ಡಿಗೆ, ಅಂದರೆ ಟೇಪನ್ನು ಓದುವ ಭಾಗಕ್ಕೆ ಅಂಟಿ, ಮುಂದೆ ಹಾಕುವ ಒಳ್ಳೆಯ ಕ್ಯಾಸೆಟ್ಟುಗಳಿಗೂ ಹತ್ತುತ್ತದೆ. ಬೆಳಗಾವಿಯ ಮಳೆಗಾಲದಲ್ಲಿ ಕಪಾಟಿನಲ್ಲಿಟ್ಟ ಟೇಪುಗಳಿಗೆ ಇದು ಸಾಮಾನ್ಯ ರೋಗ.

ಕ್ಯಾಸೆಟ್ಟನ್ನು ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಗಾಳಿಯಾಡದ ಚೀಲದಲ್ಲಿಟ್ಟು, ಬೂಷ್ಟು ಒಣಗಿ ಪುಡಿಯಾಗುವ ತನಕ ಕಾಯಿರಿ. ಹಸಿ ಬೂಷ್ಟನ್ನು ಒರೆಸಿದರೆ ಟೇಪಿನ ಮೇಲೆ ಬಳಿದಂತಾಗುತ್ತದೆ. ಒಣಗಿದ ಮೇಲೆ ಎನ್95 ಮಾಸ್ಕ್ ಹಾಕಿಕೊಂಡು, ಮನೆಯ ಹೊರಗೆ ಕೂತು, ವಿಹೆಚ್‌ಎಸ್ ಕವಚದ ಐದು ಸ್ಕ್ರೂ ಬಿಚ್ಚಿ. ಎರಡೂ ಸುರುಳಿಗಳನ್ನು ಹೊರತೆಗೆದು ಮೆತ್ತನೆಯ ಬ್ರಶ್ಶಿನಿಂದ ಪುಡಿ ಉದುರಿಸಿ. ನೂಲು ಬಿಡದ ಒಣ ಬಟ್ಟೆಯ ನಡುವೆ ಟೇಪು ಹಾಯುವಂತೆ ನಿಧಾನವಾಗಿ ಸುತ್ತಿ, ಹೊಸ ಕವಚಕ್ಕೆ ಹಾಕಿ. ಓಡಿಸುವುದು ಒಂದೇ ಸಲ, ಅದೂ ಕ್ಯಾಪ್ಚರ್ (ಕಂಪ್ಯೂಟರಿಗೆ ಇಳಿಸುವುದು) ಆನ್ ಮಾಡಿಕೊಂಡೇ. ಈ ಕೆಲಸಕ್ಕೆ ಬೇರೆ ಒಂದು ವಿಸಿಆರ್ ಇಟ್ಟುಕೊಳ್ಳಿ. ಹೆಡ್ ಒರೆಸಲು ಹತ್ತಿಯ ಕಡ್ಡಿ ಬೇಡ, ಅದರ ಎಳೆ ಸಿಕ್ಕು ಹೆಡ್ಡೇ ಮುರಿಯುತ್ತದೆ. ಐಸೊಪ್ರೊಪೈಲ್ ಆಲ್ಕೊಹಾಲಿನಲ್ಲಿ ಅದ್ದಿದ ಮೆತ್ತನೆಯ ಚರ್ಮದ ತುಂಡನ್ನು ಹೆಡ್ ಕೂತಿರುವ ಡ್ರಮ್ಮಿಗೆ ತಾಗಿಸಿ ಹಿಡಿದು, ಡ್ರಮ್ಮನ್ನು ಕೈಯಿಂದ ಅಡ್ಡಕ್ಕೆ ತಿರುಗಿಸಿ. ಮೇಲೆ ಕೆಳಗೆ ಎಂದೂ ಉಜ್ಜಬಾರದು.

ಕ್ಯಾಸೆಟ್, ರೀಲ್ ಇಡಾಕ ಮನ್ಯಾಗ ಯಾವ ಜಾಗ ಚಲೋ?

ತಗಡಿನ ಕೆಳಗಿನ ಅಟ್ಟ ಎಲ್ಲಕ್ಕಿಂತ ಕೆಟ್ಟ ಜಾಗ. ವಿಜಯಪುರದ ಬೇಸಿಗೆಯಲ್ಲಿ ಹೊರಗೆ 40 ಡಿಗ್ರಿ ದಾಟಿದಾಗ ಅಲ್ಲಿ ಇನ್ನೂ ಜಾಸ್ತಿ ಇರುತ್ತದೆ. ನಡುಮನೆಯ ಒಳಗೋಡೆಯ ಕಪಾಟು, ನೆಲದಿಂದ ಒಂದಡಿ ಮೇಲೆ, ತೇವಾಂಶ ಶೇಕಡಾ 30ರಿಂದ 50ರ ಒಳಗೆ ಇರಲಿ. ಕ್ಯಾಸೆಟ್ಟನ್ನು ಪುಸ್ತಕದಂತೆ ನಿಲ್ಲಿಸಿ, ಫಿಲ್ಮ್ ಡಬ್ಬಿಯನ್ನು ಮಲಗಿಸಿ.

## ಹುಡುಕಾಟ

ನಮ್ಮ ಊರ ಹೆಸರು ಹಾಕಿ ಹುಡುಕಿದ್ರ ಏನೂ ಬರೂದೇ ಇಲ್ಲಲ್ರೀ?

ಇವತ್ತಿನ ಹೆಸರು ಹಾಕಿದರೆ ಬರುವುದಿಲ್ಲ. ಬೆಳಗಾವಿ, ವಿಜಯಪುರ ಎಂಬ ರೂಪಗಳು ಸರ್ಕಾರಿ ಬಳಕೆಗೆ ಬಂದದ್ದು 2014ರ ನವೆಂಬರ್ 1ರಂದು. ಅದಕ್ಕೂ ಹಿಂದಿನ ಪಟ್ಟಿಗಳಲ್ಲಿ ಬೆಲ್ಗಾಂ (Belgaum), ಬಿಜಾಪುರ (Bijapur), ಬಾಗಲಕೋಟ (Bagalkot) ಎಂಬ ಇಂಗ್ಲಿಷ್ ಕಾಗುಣಿತಗಳಿವೆ. ಬಾಗಲಕೋಟೆ ಜಿಲ್ಲೆ ಆದದ್ದೇ 1997ರಲ್ಲಿ. ಆದ್ದರಿಂದ ಬಾದಾಮಿ, ಐಹೊಳೆ, ಇಳಕಲ್ಲಿನ ಹಳೆಯ ದೃಶ್ಯಗಳನ್ನೆಲ್ಲ ಬಿಜಾಪುರ ಜಿಲ್ಲೆಯ ಹೆಸರಿನಲ್ಲೇ ಹುಡುಕಬೇಕು.

ಇನ್ನೊಂದು ಮೆಟ್ಟಿಲು ಹಿಂದೆ ಹೋಗಿ. 1956ರ ನವೆಂಬರ್ 1ರ ತನಕ ಈ ಭಾಗ ಮುಂಬಯಿ ರಾಜ್ಯದಲ್ಲಿತ್ತು, ಅದಕ್ಕೂ ಮುಂಚೆ ಬಹುಪಾಲು ಬಾಂಬೆ ಪ್ರೆಸಿಡೆನ್ಸಿಯಲ್ಲಿ. 1973ರ ತನಕ ರಾಜ್ಯದ ಹೆಸರು ಮೈಸೂರು. ವಿದೇಶಿ ಪಟ್ಟಿಗಳಲ್ಲಿ ಊರ ಹೆಸರೇ ಇರದೆ, ದಕ್ಷಿಣ ಭಾರತದ ಮಸೀದಿ, ಬರಗಾಲ, ನೇಕಾರರು ಎಂದಷ್ಟೇ ಇರುತ್ತದೆ. ಹಾಗಾಗಿ ವಸ್ತುವಿನ ಹೆಸರಿನಿಂದ ಹುಡುಕಿ: ಗೋಳಗುಮ್ಮಟ, ಗೋಕಾಕ ಜಲಪಾತ, ಕೃಷ್ಣಾ ನದಿ, ಹತ್ತಿ, ಸೀರೆ. ಛತ್ತೀಸಗಢದಲ್ಲೂ ಬಿಜಾಪುರ ಎಂಬ ಜಿಲ್ಲೆ ಇದೆ. ಅಲ್ಲಿಯ ಕಾಡಿನ ದೃಶ್ಯಗಳು ನಿಮ್ಮ ಪಟ್ಟಿಯಲ್ಲಿ ಸೇರಿಕೊಳ್ಳದಂತೆ ನೋಡಿಕೊಳ್ಳಿ.

ಯಾರಿಗೆ ಕೇಳಬೇಕು, ಎಲ್ಲಿಂದ ಶುರು ಮಾಡಬೇಕು?

ಸರ್ಕಾರಿ ಸುದ್ದಿಚಿತ್ರ, ಸಾಕ್ಷ್ಯಚಿತ್ರಗಳಿಗೆ ಫಿಲ್ಮ್ಸ್ ಡಿವಿಜನ್ ಸಂಗ್ರಹ. 1948ರಲ್ಲಿ ಮುಂಬಯಿಯಲ್ಲಿ ಶುರುವಾದ ಈ ಸಂಸ್ಥೆ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ ಸೇರಿತು, ಈಗ ಪತ್ರ ಬರೆಯುವುದು ನಿಗಮಕ್ಕೆ. 1964ರಲ್ಲಿ ಸ್ಥಾಪನೆಯಾದ ಪುಣೆಯ ಸಂಗ್ರಹಾಲಯವೂ ಈಗ ಅದರದೇ ಭಾಗ. ಬೆಳಗಾವಿಯಿಂದ ಪುಣೆ ಒಂದು ರಾತ್ರಿಯ ದಾರಿ, ಹೋಗಿ ಕೂತು ನೋಡುವುದೇ ಒಳ್ಳೆಯದು. ಟಿವಿ ದೃಶ್ಯಗಳಿಗೆ ದೂರದರ್ಶನ, ರಾಜ್ಯ ಸರ್ಕಾರದ ಕಾರ್ಯಕ್ರಮಗಳಿಗೆ ವಾರ್ತಾ ಇಲಾಖೆ, ಧ್ವನಿಗೆ 1950ರಿಂದ ನಡೆದುಬಂದಿರುವ ಧಾರವಾಡ ಆಕಾಶವಾಣಿ.

ಹೊರದೇಶದಲ್ಲಿ ಬ್ರಿಟಿಷ್ ಪಾಥೆ, ಬ್ರಿಟಿಷ್ ಮೂವಿಟೋನ್ ಎಂಬ ಹಳೇ ಸುದ್ದಿಚಿತ್ರ ಕಂಪನಿಗಳ ಸಂಗ್ರಹಗಳಿವೆ. ಬ್ರಿಟಿಷ್ ಅಧಿಕಾರಿಗಳ ಕುಟುಂಬಗಳು ಭಾರತದಲ್ಲಿ ತೆಗೆದ ಮನೆ-ಚಿತ್ರಗಳು ಕೇಂಬ್ರಿಜ್‌ನ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರದಲ್ಲಿವೆ. ಸ್ಥಿರಚಿತ್ರ ಸಾಕೆನ್ನುವವರು ಸ್ವಿಟ್ಜರ್ಲೆಂಡಿನ ಕ್ರೈಸ್ತ ಸಂಸ್ಥೆಯಾದ ಬಾಸೆಲ್ ಮಿಶನ್ ಸಂಗ್ರಹವನ್ನು ಬಿಡಬಾರದು, ಗುಳೇದಗುಡ್ಡದಲ್ಲೂ ವಿಜಯಪುರದಲ್ಲೂ ಅವರ ಕೇಂದ್ರಗಳಿದ್ದವು.

ಪತ್ರದಲ್ಲಿ ಬರೆಯಬೇಕಾದ್ದು: ಸಿನಿಮಾದ ಹೆಸರು, ಒಟ್ಟು ಅವಧಿ, ಬೇಕಾದ ದೃಶ್ಯ, ಅಂದಾಜು ವರ್ಷ, ಎಷ್ಟು ಸೆಕೆಂಡ್, ಎಲ್ಲಿ ತೋರಿಸುತ್ತೀರಿ. ‘ಬಿಜಾಪುರದ ಬಗ್ಗೆ ಇರೋದೆಲ್ಲ ಕೊಡಿ’ ಎಂದು ಬರೆದರೆ ಉತ್ತರ ಬರುವುದು ಕಷ್ಟ.

ಸಿಕ್ಕ ಶಾಟ್ ಖರೇನ ನಮ್ಮ ಊರಿಂದೇ, ಅದೇ ವರ್ಷದ್ದೇ ಅಂತ ಹೆಂಗ ಗೊತ್ತ ಮಾಡೂದು?

ಇದು ಎಲ್ಲಕ್ಕಿಂತ ದೊಡ್ಡ ಪ್ರಶ್ನೆ. ಉಳಿದ ತಾಂತ್ರಿಕ ದೋಷಗಳನ್ನೆಲ್ಲ ತಿದ್ದಬಹುದು, ಸುಳ್ಳು ಶಾಟ್ ಒಮ್ಮೆ ಪರದೆ ಮೇಲೆ ಹೋದರೆ ಮುಂದೆ ಹತ್ತು ಸಿನಿಮಾದವರು ಅದನ್ನೇ ನಂಬಿ ಎತ್ತಿಕೊಳ್ಳುತ್ತಾರೆ.

ಪಟ್ಟಿಯಲ್ಲಿ ಬರೆದದ್ದನ್ನು ಹಾಗೇ ನಂಬಬೇಡಿ. ಒಂದು ಉದಾಹರಣೆ ನೋಡಿ. ಆಲಮಟ್ಟಿಗೆ ಲಾಲ್ ಬಹದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಹಾಕಿದ್ದು 1964ರ ಮೇ 22ರಂದು. ನೆಹರೂ ತೀರಿಕೊಂಡದ್ದು ಮೇ 27ಕ್ಕೆ, ಶಾಸ್ತ್ರಿಯವರು ಪ್ರಧಾನಿಯಾದದ್ದು ಜೂನ್ 9ಕ್ಕೆ. ಹಾಗಾದರೆ ಅಡಿಗಲ್ಲಿನ ದಿನ ಅವರು ಕೇಂದ್ರ ಮಂತ್ರಿ, ಪ್ರಧಾನಿಯಲ್ಲ. ‘ಪ್ರಧಾನಿ ಶಾಸ್ತ್ರಿ ಆಲಮಟ್ಟಿಯಲ್ಲಿ’ ಎಂಬ ಚೀಟಿ ಇರುವ ಶಾಟ್ ಸಿಕ್ಕರೆ, ಒಂದೋ ಚೀಟಿ ಆಮೇಲೆ ಬರೆದದ್ದು, ಇಲ್ಲವೇ ಅದು ಬೇರೆ ಸಮಾರಂಭದ್ದು. ಅದೇ ರೀತಿ 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದ ಮಾತು ಬರುವಾಗ 1930ರ ದಂಡಿ ಯಾತ್ರೆಯ ಗಾಂಧೀಜಿಯನ್ನು ತೋರಿಸುವವರಿದ್ದಾರೆ. ಕೆಳಗೆ ವರ್ಷ ಬರೆಯದೆ ಹಾಗೆ ಜೋಡಿಸುವುದು ನೋಡುಗರಿಗೆ ಮಾಡುವ ಮೋಸ.

ಚಿತ್ರದೊಳಗಿನ ಸುಳಿವು ಓದಿ. ವಾಹನದ ಮೇಲೆ ಕೆಎ 22, ಕೆಎ 28 ಎಂದಿದ್ದರೆ ಅದು 1980ರ ದಶಕದ ಕೊನೆಗಿಂತ ಹಳೆಯದಲ್ಲ. ರೈಲು ಹಳಿಯ ಅಗಲ ನೋಡಿ, ಹುಟಗಿ-ಗದಗ ಮಾರ್ಗ ಮೊದಲು ಮೀಟರ್‌ಗೇಜ್ ಆಗಿತ್ತು. ಅಂಗಡಿ ಬೋರ್ಡು, ಸಿನಿಮಾ ಪೋಸ್ಟರ್, ವಿದ್ಯುತ್ ಕಂಬ, ಹೊಲದ ಬೆಳೆ ಎಲ್ಲವೂ ಕಾಲ ಹೇಳುತ್ತವೆ. ಬೋರ್ಡಿನ ಅಕ್ಷರ ತಿರುಗುಮುರುಗಾಗಿದ್ದರೆ ಫಿಲ್ಮನ್ನು ಉಲ್ಟಾ ಸ್ಕ್ಯಾನ್ ಮಾಡಿದ್ದಾರೆ ಎಂದರ್ಥ. ಕೊನೆಗೆ ಅದೇ ಓಣಿಯ ಇಬ್ಬರು ಹಿರಿಯರಿಗೆ ಬೇರೆ ಬೇರೆ ತೋರಿಸಿ, ನೀವು ಏನೂ ಹೇಳಿಕೊಡದೆ ಕೇಳಿ.

## ಡಿಜಿಟಲ್ ಮಾಡುವಾಗ

ವಿಹೆಚ್‌ಎಸ್ ಇಳಿಸಾಕ ಅಗ್ಗದ ಯುಎಸ್‌ಬಿ ಡಬ್ಬಿ ಸಾಕೇನ್ರಿ?

ಮನೆಯಲ್ಲಿ ನೋಡಲು ಸಾಕು, ಸಿನಿಮಾಕ್ಕೆ ಸಾಲದು. ಹಳೆಯ ಟೇಪಿನ ಸಿಗ್ನಲ್ ಸಮಯದಲ್ಲಿ ಅಲುಗುತ್ತಿರುತ್ತದೆ. ಅಗ್ಗದ ಡಬ್ಬಿ ಆ ಅಲುಗಾಟ ತಾಳದೆ ಫ್ರೇಮ್ ಬಿಡುತ್ತದೆ, ಆಗ ಧ್ವನಿಗೂ ತುಟಿಗೂ ಹೊಂದಿಕೆ ತಪ್ಪುತ್ತದೆ. ಈ ಅಲುಗಾಟ ಸರಿಪಡಿಸುವ ಟೈಮ್ ಬೇಸ್ ಕರೆಕ್ಟರ್ ಇರುವ ಎಸ್-ವಿಹೆಚ್‌ಎಸ್ ವಿಸಿಆರ್, ಹಳದಿ ಕೇಬಲ್ಲಿನ ಬದಲು ಎಸ್-ವಿಡಿಯೊ ಕೇಬಲ್, ಒಂದು ಒಳ್ಳೆಯ ಕ್ಯಾಪ್ಚರ್ ಕಾರ್ಡ್ ಬೇಕು. ಕ್ಯಾಪ್ಚರ್ ಗಾತ್ರ 720×576, ಸೆಕೆಂಡಿಗೆ 25 ಫ್ರೇಮ್, ಇಂಟರ್‌ಲೇಸ್ ಆಗಿಯೇ (ಹಾಗೆಂದರೇನು ಎಂಬುದು ಮುಂದಿನ ಉತ್ತರದಲ್ಲಿದೆ).

ಕುಗ್ಗಿಸದ 10 ಬಿಟ್ 4:2:2 (ಬಣ್ಣದ ವಿವರದ ಮಟ್ಟ) ಫೈಲು ಗಂಟೆಗೆ ಸುಮಾರು 100 ಜಿಬಿ ಹಿಡಿಯುತ್ತದೆ, 8 ಬಿಟ್ ಆದರೆ 75 ಜಿಬಿ. ಎಫ್‌ಎಫ್‌ವಿ1 (FFV1) ಕೋಡೆಕ್, ಅಂದರೆ ವಿಡಿಯೊ ಕುಗ್ಗಿಸುವ ವಿಧಾನ ಬಳಸಿದರೆ ಒಂದು ಚುಕ್ಕೆಯೂ ಕಳೆಯದೆ ಗಾತ್ರ ಸಾಕಷ್ಟು ಇಳಿಯುತ್ತದೆ. ಮಿನಿ ಡಿವಿ ಟೇಪಿಗೆ ಇದ್ಯಾವುದೂ ಬೇಡ, ಅದು ಆಗಲೇ ಡಿಜಿಟಲ್. ಫೈರ್‌ವೈರ್ ಕೇಬಲ್ಲಿನಿಂದ ಇಳಿಸಿ, ಗಂಟೆಗೆ 13 ಜಿಬಿ.

ಟಿವಿ ಮುಂದೆ ಮೊಬೈಲ್ ಹಿಡಿದು ತೆಗೆದ ಕ್ಲಿಪ್ಪು ಎಡಿಟಿಂಗಿಗೆ ತರಬೇಡಿ. ಅದರ ಮಿನುಗು ಮತ್ತು ಜಾಲರಿ ಗೆರೆಗಳನ್ನು ಮುಂದೆ ಯಾವ ಸಾಫ್ಟ್‌ವೇರೂ ಪೂರ್ತಿ ತೆಗೆಯಲಾರದು.

ಮಂದಿ ನಡದಾಗೊಮ್ಮೆ ಅಂಚಿಗೆ ಬಾಚಣಿಗಿ ಹಲ್ಲಿನಂಗ ಗೆರಿ ಬರತಾವ. ಯಾಕ?

ಇಂಟರ್‌ಲೇಸ್ ಚಿತ್ರದ ಒಂದು ಫ್ರೇಮಿನಲ್ಲಿ ಎರಡು ಫೀಲ್ಡ್ ಇರುತ್ತವೆ. ಬೆಸ ಗೆರೆಗಳು ಒಂದು ಕ್ಷಣದವು, ಸಮ ಗೆರೆಗಳು ಸೆಕೆಂಡಿನ 50ನೇ ಒಂದು ಭಾಗ ಆಮೇಲಿನವು. ಎರಡನ್ನೂ ಒಟ್ಟಿಗೆ ತೋರಿಸಿದರೆ ಚಲಿಸುವ ಅಂಚು ಒಡೆಯುತ್ತದೆ. ಕ್ಯೂಟಿಜಿಎಂಸಿಯಂಥ (QTGMC) ಡಿಇಂಟರ್‌ಲೇಸರ್ ಸಾಫ್ಟ್‌ವೇರಿನಿಂದ ಸೆಕೆಂಡಿಗೆ 50 ಪ್ರೋಗ್ರೆಸಿವ್ (ಫೀಲ್ಡ್‌ಗಳಾಗಿ ಒಡೆಯದ) ಫ್ರೇಮ್ ಮಾಡಿಕೊಂಡು, ಆಮೇಲೆ 25ರ ಟೈಮ್‌ಲೈನಿಗೆ ತನ್ನಿ. ಮೊದಲೇ ದೊಡ್ಡದು ಮಾಡಿದರೆ ಹಲ್ಲುಗಳೂ ದೊಡ್ಡವಾಗುತ್ತವೆ, ಮತ್ತೆ ತೆಗೆಯಲು ಆಗದು. ಚಿತ್ರ ಹಿಂದೆ ಮುಂದೆ ಜಗ್ಗಿದಂತೆ ಕಂಡರೆ ಫೀಲ್ಡ್ ಕ್ರಮ ತಪ್ಪಿದೆ: ಡಿವಿ ಫೈಲಿಗೆ ಕೆಳಗಿನ ಫೀಲ್ಡ್ ಮೊದಲು, ಉಳಿದ ಪಾಲ್ (PAL, ನಮ್ಮ ದೇಶದ ಹಳೇ ಟಿವಿ ಪದ್ಧತಿ) ಕ್ಯಾಪ್ಚರಿಗೆ ಸಾಮಾನ್ಯವಾಗಿ ಮೇಲಿನದು ಮೊದಲು.

ಹಳೇ ರೀಲಿನ್ಯಾಗ ಎಲ್ಲಾರೂ ಓಡೇ ಹೋಗತಾರ. ಸಾವಕಾಶ ಮಾಡೂದು ಹೆಂಗ?

ಆಗಿನ ಜನ ಓಡುತ್ತಿರಲಿಲ್ಲ. ಸೆಕೆಂಡಿಗೆ 16 ಅಥವಾ 18 ಫ್ರೇಮಿನಲ್ಲಿ ತೆಗೆದದ್ದನ್ನು 25ರಲ್ಲಿ ಓಡಿಸಿದ ಪರಿಣಾಮ ಅದು. ಸ್ಕ್ಯಾನ್ ಮಾಡುವವರಿಗೆ ‘ಒಂದು ಫ್ರೇಮಿಗೆ ಒಂದೇ ಫ್ರೇಮ್ ಕೊಡಿ, ವೇಗ ನಾವೇ ನೋಡಿಕೊಳ್ಳುತ್ತೇವೆ’ ಎಂದು ಬರೆದೇ ಕೊಡಿ.

24ರ ಟೈಮ್‌ಲೈನಾದರೆ ಲೆಕ್ಕ ಸುಲಭ. 16 ಫ್ರೇಮಿನದಕ್ಕೆ ಪ್ರತಿ ಎರಡನೇ ಫ್ರೇಮ್ ಎರಡು ಸಲ, 18ರದಕ್ಕೆ ಪ್ರತಿ ಮೂರನೆಯದು ಎರಡು ಸಲ. 25ರಲ್ಲಿ ಎರಡು ಫ್ರೇಮನ್ನು ಮೂರಾಗಿ ಹಂಚಿದರೆ 16 ಫ್ರೇಮಿನ ರೀಲು ಶೇಕಡಾ 4ರಷ್ಟು ಚುರುಕಾಗುತ್ತದೆ, ಅದು ಕಣ್ಣಿಗೆ ತಿಳಿಯುವುದಿಲ್ಲ. ಆಪ್ಟಿಕಲ್ ಫ್ಲೋ ಬಳಸಿ ನಡುವಿನ ಫ್ರೇಮ್ ಹುಟ್ಟಿಸುವುದು ನಮ್ಮ ದೃಷ್ಟಿಯಲ್ಲಿ ಬೇಡ, ಕೈಕಾಲುಗಳು ಕರಗಿದಂತೆ ಕಾಣುತ್ತವೆ.

4:3 ಚಿತ್ರ ಪೂರ್ತಿ ಪರದೆಗೆ ಎಳದ್ರ ತಪ್ಪೇನು?

4:3 ಅಂದರೆ ಹಳೇ ಟಿವಿಯ ಅಗಲ-ಎತ್ತರದ ಪ್ರಮಾಣ. ಎಳೆದರೆ ಮುಖ ಅಗಲವಾಗುತ್ತದೆ, ಕತ್ತರಿಸಿದರೆ ತಲೆಯೋ ಕಾಲೋ ಹೋಗುತ್ತದೆ. 1920×1080ರ ಪರದೆಯಲ್ಲಿ 1440×1080 ಅಳತೆಗೆ ಕೂರಿಸಿ, ಎರಡೂ ಬದಿ ಕಪ್ಪು ಬಿಡಿ. ವಿಹೆಚ್‌ಎಸ್ ಆದರೆ ಅಡಿಯಲ್ಲಿ ನಡುಗುವ ಎಂಟು-ಹತ್ತು ಗೆರೆಗಳನ್ನು ಮಾತ್ರ ಮುಚ್ಚಿ.

## ಹಕ್ಕು ಮತ್ತು ಹಣ

ಹತ್ತ ಸೆಕೆಂಡ್ ತನಕ ಯಾರ್ದೂ ಪರ್ಮಿಶನ್ ಬ್ಯಾಡ ಅಂತಾರಲ್ರೀ?

ಅಂಥ ನಿಯಮ ಕಾನೂನಿನಲ್ಲಿ ಎಲ್ಲೂ ಇಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಂ ವಿಮರ್ಶೆ, ಸಂಶೋಧನೆ, ಪ್ರಚಲಿತ ಘಟನೆಗಳ ವರದಿಯಂಥ ಕೆಲವು ಉದ್ದೇಶಗಳಿಗೆ ನ್ಯಾಯಯುತ ಬಳಕೆಗೆ ಅವಕಾಶ ಕೊಟ್ಟಿದೆ. ಸೆಕೆಂಡಿನ ಲೆಕ್ಕ ಕೊಟ್ಟಿಲ್ಲ. ನೀವು ಆ ಶಾಟ್ ಬಗ್ಗೆಯೇ ಮಾತನಾಡುತ್ತಿದ್ದರೆ ವಾದ ಗಟ್ಟಿ, ಬರೀ ಖಾಲಿ ಜಾಗ ತುಂಬಲು ಹಾಕಿದ್ದರೆ ಮೂರು ಸೆಕೆಂಡಿಗೂ ಅನುಮತಿ ಬೇಕು. ಯೂಟ್ಯೂಬಿಗೆ ಏರಿಸಿದವರು ಬಹಳ ಸಲ ಹಕ್ಕುದಾರರೇ ಅಲ್ಲ, ಅವರ ಒಪ್ಪಿಗೆಯಿಂದ ಏನೂ ಆಗದು.

ಎಷ್ಟು ವರ್ಷ ಹಳೇದಾದ್ರ ಎಲ್ಲಾರೂ ಬಳಸಬಹುದು?

ಚಲನಚಿತ್ರಕ್ಕೆ ಪ್ರಕಟವಾದ ಮುಂದಿನ ವರ್ಷದ ಮೊದಲ ದಿನದಿಂದ 60 ವರ್ಷ. 1960ರಲ್ಲಿ ಬಿಡುಗಡೆಯಾದದ್ದರ ಹಕ್ಕು 2020ರ ಡಿಸೆಂಬರ್ 31ಕ್ಕೆ ಮುಗಿಯಿತು. ಸರ್ಕಾರದ ಕೃತಿಗೂ ಇದೇ 60 ವರ್ಷ. ಆದರೆ ಹಕ್ಕು ಮುಗಿದರೂ ಒಳ್ಳೆಯ ಪ್ರತಿ ಸಂಗ್ರಹಾಲಯದ ಕೈಯಲ್ಲೇ ಇರುತ್ತದೆ. ಸ್ಕ್ಯಾನಿಗೂ ಪ್ರತಿಗೂ ಅವರು ಕೇಳುವ ಶುಲ್ಕ ಬೇರೆ ವಿಷಯ. ಹೊರದೇಶದಲ್ಲಿ ತೋರಿಸುವುದಾದರೆ ಆ ದೇಶದ ಅವಧಿಯನ್ನೂ ನೋಡಬೇಕು.

ಮದುವಿ ವಿಡಿಯೊ ಹಕ್ಕು ಯಾರ್ದು? ಸ್ಟುಡಿಯೊದವರದೋ, ಮನಿಯವರದೋ?

ಹಣ ಕೊಟ್ಟು ತೆಗೆಸಿದವರದು. ಬೇರೆ ಕರಾರು ಇರದಿದ್ದರೆ ಅದೇ ಕೃತಿಸ್ವಾಮ್ಯ ಕಾಯ್ದೆಯ 17ನೇ ಕಲಂ ಪ್ರಕಾರ ಅವರೇ ಮೊದಲ ಒಡೆಯರು. ಆದರೆ ಸ್ಟುಡಿಯೊದವರು ಮೆರವಣಿಗೆಗೆ ಹಚ್ಚಿದ ಸಿನಿಮಾ ಹಾಡು ಮನೆಯವರದೂ ಅಲ್ಲ, ಸ್ಟುಡಿಯೊದವರದೂ ಅಲ್ಲ. ಆ ಧ್ವನಿಯನ್ನು ತೆಗೆಯಿರಿ, ಇಲ್ಲವೇ ಹಾಡಿನ ಕಂಪನಿಯಿಂದ ಬೇರೆ ಅನುಮತಿ ಪಡೆಯಿರಿ.

ಮನೆಯವರಿಂದ ಸಹಿ ಪಡೆಯುವ ಮುನ್ನ, ನೀವು ಬಳಸುವ ತುಣುಕನ್ನೇ ಅವರಿಗೆ ತೋರಿಸಿ. ಮದುವೆ ಮುರಿದಿರಬಹುದು, ತೀರಿಕೊಂಡವರು ಇರಬಹುದು. ಗಡಿ ಚಳವಳಿಯ ಗಲಾಟೆಯ ದೃಶ್ಯಗಳಲ್ಲಿ ಮುಖ ಕಾಣುವ ಸಾಮಾನ್ಯ ಜನರ ವಿಷಯದಲ್ಲೂ ಇದೇ ಎಚ್ಚರ ಬೇಕು.

ಲೈಸೆನ್ಸ್ ಹಣ ಹೆಂಗ ಲೆಕ್ಕ ಹಾಕತಾರ? ಯಾವಾಗ ಕೊಡೂದು?

ಸಾಮಾನ್ಯವಾಗಿ ಸೆಕೆಂಡಿನ ಲೆಕ್ಕ, ಅದರ ಮೇಲೆ ಕನಿಷ್ಠ ಅವಧಿಯ ಷರತ್ತು. ಕನಿಷ್ಠ 30 ಸೆಕೆಂಡ್ ಎಂದಿದ್ದರೆ ನೀವು 7 ಸೆಕೆಂಡ್ ಬಳಸಿದರೂ 30ಕ್ಕೆ ಕೊಡಬೇಕು. ಹಾಗಾಗಿ ನಾಲ್ಕು ಸಂಗ್ರಹಗಳಿಂದ ಒಂದೊಂದು ಶಾಟ್ ತರುವ ಬದಲು, ಒಂದೇ ಕಡೆಯಿಂದ ನಾಲ್ಕು ಶಾಟ್ ಆರಿಸಿದರೆ ಖರ್ಚು ಇಳಿಯುತ್ತದೆ. ಮಾಧ್ಯಮ, ಪ್ರದೇಶ, ವರ್ಷಗಳು ಹೆಚ್ಚಾದಂತೆ ದರ ಏರುತ್ತದೆ. ಚಿತ್ರೋತ್ಸವಕ್ಕಷ್ಟೇ ಈಗ ತೆಗೆದುಕೊಂಡು, ಒಟಿಟಿಗೆ ಹೋಗುವಾಗ ಕೊಡಬೇಕಾದ ದರವನ್ನು ಇವತ್ತೇ ಬರೆಸಿಕೊಳ್ಳಿ. ಆಮೇಲೆ ಕೇಳಿದರೆ ನಿಮ್ಮ ಕೈ ಕೆಳಗಾಗಿರುತ್ತದೆ.

ಎಡಿಟಿಂಗ್ ಪೂರ್ತಿ ನಿಲ್ಲುವ ತನಕ ಟೈಮ್‌ಕೋಡ್ (ಪ್ರತಿ ಫ್ರೇಮಿನ ಸಮಯದ ಸಂಖ್ಯೆ) ಅಚ್ಚಾದ ಪ್ರಿವ್ಯೂ ಪ್ರತಿಯಲ್ಲೇ ಕೆಲಸ ಮಾಡಿ, ಹಣ ಕೊಡುವುದು ಅದಾದ ಮೇಲೆ. ಮಾಸ್ಟರ್ (ಪೂರ್ತಿ ಗುಣಮಟ್ಟದ ಪ್ರತಿ) ತರಿಸುವಾಗ ಪ್ರತಿ ಶಾಟಿನ ಹಿಂದೆ ಮುಂದೆ ಒಂದೊಂದು ಸೆಕೆಂಡ್ ಜಾಸ್ತಿ ಕೇಳಿ.

ಹಕ್ಕುದಾರ ಯಾರಂತ ಎಷ್ಟ ಹುಡಿಕಿದ್ರೂ ಗೊತ್ತಾಗವಲ್ದು. ಏನ ಮಾಡೂದು?

ಕಾಯ್ದೆಯ 31ಎ ಕಲಂನಲ್ಲಿ ಇದಕ್ಕೆ ಲೈಸೆನ್ಸ್ ಕೇಳುವ ದಾರಿ ಇದೆ. ಪತ್ರಿಕೆಯಲ್ಲಿ ಪ್ರಕಟಣೆ ಕೊಟ್ಟು ಅರ್ಜಿ ಹಾಕಬೇಕು, ವಕೀಲರ ನೆರವು ಬೇಕೇ ಬೇಕು. ಆ ದಾರಿ ಹಿಡಿದರೂ ಹಿಡಿಯದಿದ್ದರೂ ಯಾರಿಗೆ ಯಾವ ತಾರೀಖಿಗೆ ಬರೆದಿರಿ, ಏನು ಉತ್ತರ ಬಂತು ಎಂಬ ಕಡತ ಇಡಿ.

## ಕೊನೆಯ ಹಂತ

ಎಐನಿಂದ 4ಕೆ ಮಾಡಿದ್ರ ಎಷ್ಟ ಛಂದ ಕಾಣತೈತಿ. ಬಳಸಬಹುದಲ್ಲ?

ವಿಹೆಚ್‌ಎಸ್‌ನಲ್ಲಿ ಅಡ್ಡಕ್ಕೆ ಇರುವುದೇ ಸುಮಾರು 240 ಗೆರೆಗಳ ವಿವರ. ಅದಕ್ಕಿಂತ ಹೆಚ್ಚು ಕಂಡದ್ದೆಲ್ಲ ಸಾಫ್ಟ್‌ವೇರ್ ಊಹಿಸಿ ಬರೆದದ್ದು. ದೂರದ ಮುಖಕ್ಕೆ ಬೇರೆ ಯಾರದೋ ಕಣ್ಣು ಮೂಗು ಬರುತ್ತದೆ, ಕನ್ನಡ ಬೋರ್ಡಿನ ಒತ್ತಕ್ಷರ ಯಾವ ಲಿಪಿಯೂ ಅಲ್ಲದ ಗೀರಾಗುತ್ತದೆ. ಊರು ಗುರುತಿಸಲು ಆ ಬೋರ್ಡೇ ಸಾಕ್ಷಿಯಾಗಿತ್ತು ಎಂಬುದನ್ನು ಮರೆಯಬೇಡಿ. ಧೂಳು, ಗೀರು, ಮಿನುಗು ತೆಗೆಯುವುದಕ್ಕೆ ಅಡ್ಡಿಯಿಲ್ಲ. ಬಣ್ಣ ಹಚ್ಚಿದ್ದರೆ, ಹೊಸ ಚಿತ್ರ ಹುಟ್ಟಿಸಿದ್ದರೆ ಆ ಶಾಟಿನ ಮೇಲೆಯೇ ತಿಳಿಸಿ, ಕೊನೆಯ ಹೆಸರುಗಳ ಸಾಲಿನಲ್ಲಿ ಬಚ್ಚಿಡಬೇಡಿ. ಅಮೆರಿಕದ ಆರ್ಕೈವಲ್ ಪ್ರೊಡ್ಯೂಸರ್ಸ್ ಅಲಯನ್ಸ್ 2024ರಲ್ಲಿ ಈ ಕುರಿತು ಮಾರ್ಗಸೂಚಿ ಹೊರತಂದಿದೆ, ಓದಲು ಯೋಗ್ಯ.

ಮೂಕಿ ರೀಲಿಗೆ ಸಂತಿ ಸಪ್ಪಳ, ಎತ್ತಿನ ಗೆಜ್ಜಿ ಸಪ್ಪಳ ಹಚ್ಚಬಹುದೇನು?

ಹಚ್ಚಬಹುದು, ಹೆಚ್ಚಿನವರು ಹಚ್ಚುತ್ತಾರೆ. ಗಾಳಿ, ಸಂತೆಯ ಗದ್ದಲದಂಥ ಸಾಮಾನ್ಯ ಸಪ್ಪಳಕ್ಕೆ ಯಾರ ತಕರಾರೂ ಇಲ್ಲ. ಕಾಣುವ ವ್ಯಕ್ತಿಯ ಬಾಯಿಗೆ ಮಾತು ಕೂರಿಸುವುದು, ಒಂದು ಸಭೆಯ ಭಾಷಣವನ್ನು ಇನ್ನೊಂದು ಸಭೆಯ ಚಿತ್ರಕ್ಕೆ ಜೋಡಿಸುವುದು ಬೇಡ. ಆಕಾಶವಾಣಿಯ ಹಳೆಯ ಧ್ವನಿ ಬಳಸುವಾಗ ಅದರ ವರ್ಷವನ್ನೂ ಪರದೆಯ ಮೇಲೆ ಹಾಕಿ.

ಇನ್ನೂರು ಕ್ಲಿಪ್ ಆಗ್ಯಾವ, ಯಾವುದು ಎಲ್ಲಿಂದ ಬಂತು ನೆನಪಿಲ್ಲ. ಹೆಂಗ ಹೊಂದಸೂದು?

ಮೊದಲ ಕ್ಲಿಪ್ಪಿನಿಂದಲೇ ಒಂದು ಶೀಟ್ ತೆರೆಯಿರಿ. ಕ್ಲಿಪ್ ಸಂಖ್ಯೆ, ಮೂಲ, ಅವರ ಪಟ್ಟಿಯ ಸಂಖ್ಯೆ, ಹೇಳಲಾದ ಊರು ಮತ್ತು ವರ್ಷ, ನೀವು ಪರೀಕ್ಷಿಸಿ ಕಂಡ ಊರು ಮತ್ತು ವರ್ಷ, ಮೂಲದ ಫ್ರೇಮ್ ವೇಗ, ಹಕ್ಕುದಾರರು, ಅನುಮತಿಯ ಸ್ಥಿತಿ, ದರ: ಇಷ್ಟು ಕಾಲಂ ಸಾಕು. ಫೈಲಿನ ಹೆಸರಿನಲ್ಲೇ ಮೂಲದ ಕಿರುಹೆಸರು ಮತ್ತು ಸಂಖ್ಯೆ ಇರಲಿ. ‘ಫೈನಲ್ ಹೊಸದು 2’ ಎಂದು ಹೆಸರಿಟ್ಟ ಕ್ಲಿಪ್ಪಿಗೆ ಮುಂದೆ ಅನುಮತಿ ಪಡೆಯಲು ಯಾರ ಬಾಗಿಲಿಗೆ ಹೋಗಬೇಕೆಂದೇ ತಿಳಿಯುವುದಿಲ್ಲ. ಎಡಿಟಿಂಗಿನಲ್ಲಿ ಆರ್ಕೈವ್ ಶಾಟ್‌ಗಳನ್ನೆಲ್ಲ ಬೇರೆ ಟ್ರ್ಯಾಕಿನಲ್ಲಿಡಿ, ಕೊನೆಗೆ ಆ ಟ್ರ್ಯಾಕಿನ ಇಡಿಎಲ್ (ಕಟ್‌ಗಳ ಪಟ್ಟಿಯ ಫೈಲು) ತೆಗೆದರೆ ಬಳಸಿದ ಸೆಕೆಂಡುಗಳ ಪಟ್ಟಿ ತಾನಾಗಿ ಸಿಗುತ್ತದೆ.

ಸಿನಿಮಾ ಮುಗದ ಮ್ಯಾಲೆ ಇಳಿಸಿದ ಫೈಲ್ ಏನ ಮಾಡೂದು?

ತಿದ್ದದ ಮೂಲ ಕ್ಯಾಪ್ಚರನ್ನೇ ಉಳಿಸಿ, ಬಣ್ಣ ತಿದ್ದಿದ್ದನ್ನಲ್ಲ. ಮೂರು ಪ್ರತಿ ಇರಲಿ: ಎರಡು ಬೇರೆ ಹಾರ್ಡ್ ಡಿಸ್ಕಿನಲ್ಲಿ, ಒಂದು ಬೇರೆ ಊರಿನಲ್ಲಿ. ಪ್ರತಿ ಫೈಲಿಗೆ ಚೆಕ್‌ಸಮ್ (ಫೈಲು ಬದಲಾದರೆ ತಾನೂ ಬದಲಾಗುವ ಸಂಖ್ಯೆ) ಬರೆದಿಟ್ಟು ವರ್ಷಕ್ಕೊಮ್ಮೆ ಹೋಲಿಸಿ, ಡಿಸ್ಕು ಸದ್ದಿಲ್ಲದೆ ಕೆಡುವುದು ಆಗ ಗೊತ್ತಾಗುತ್ತದೆ. ಟೇಪು ಕೊಟ್ಟ ಮನೆಯವರಿಗೆ ಅವರ ಮೂಲ ಕ್ಯಾಸೆಟ್ಟನ್ನೂ, ಪೆನ್‌ಡ್ರೈವಿನಲ್ಲಿ ಪೂರ್ತಿ ಪ್ರತಿಯನ್ನೂ, ಶೀಟಿನ ಅವರ ಸಾಲುಗಳನ್ನೂ ಮರಳಿ ಕೊಡಿ.